ಬಾವಿಯ ಹತ್ತಿರ ನಿಂತವನು

ಭಾನುವಾರ ಬರುತ್ತೇವೆಂದು ತಮ್ಮನ ಹೆಂಡತಿ ಹರಿಹರದಿಂದ ಫೋನ್ ಮಾಡಿದಳು. ಅವತ್ತಿನಿಂದ ನನಗೆ ಒಂದು ಕಡೆ ಕೂರಲು ಆಗಲಿಲ್ಲ. ಸೀರೆಗೆ ಫಾಲ್ಸ್ ಹಚ್ಚಿಕೊಡುವುದು ನನ್ನ ಕೆಲಸ. ಕೂತೇ ಮಾಡಬೇಕಾದ ಕೆಲಸ. ನಾಲ್ಕು ಹೊಲಿಗೆ ಹಾಕುತ್ತಿದ್ದೆ, ಏಳುತ್ತಿದ್ದೆ, ಟಿ.ವಿ. ಕೆಳಗಿನ ಗಾಜಿನ ಕಪಾಟಿನ ಮುಂದೆ ಹೋಗಿ ನಿಲ್ಲುತ್ತಿದ್ದೆ. ತಿರುಗಿ ಬರುವಷ್ಟರಲ್ಲಿ ಸೂಜಿ ಎಲ್ಲಿಟ್ಟೆ ಎಂಬುದು ಮರೆತಿರುತ್ತಿತ್ತು.

"ಹೊಸ ಗೇಮ್ ಮೆಷಿನ್ ತಂದೀವಿ ಅಕ್ಕಾ," ಅಂದಿದ್ದಳು ಆಕೆ. "ನಿಮ್ಮ ಸೊಸೆ ಒಂದೇ ಸಮ ಜೀವ ತಿಂತಾಳೆ. ಹಳೇದರಾಗಿರೋ ಆಟ ಹೊಸದಕ್ಕೆ ಸಾಗಿಸಬೇಕಂತೆ. ಅದಕ್ಕೆ ಎರಡೂ ಒಂದೇ ಮನೆಯಾಗ ಇರಬೇಕಂತೆ. ಅವರೂ ಬರ್ತಾರೆ."

ಸೊಸೆ ಅಂದರೆ ನನ್ನ ತಮ್ಮನ ಮಗಳು, ಐದನೇ ಕ್ಲಾಸು. 'ಅವರು' ಅಂದರೆ ತಮ್ಮನ ಹೆಂಡತಿಯ ಈಗಿನ ಗಂಡ. ತಮ್ಮ ಇಲ್ಲ.

ಕಪಾಟಿನಲ್ಲಿದ್ದ ಹಳೆಯ ಮೆಷಿನ್ ತಮ್ಮನದು. ಎಂ.ಸಿ.ಸಿ. ಬಡಾವಣೆಯ ಒಂದು ಲ್ಯಾಬಿನಲ್ಲಿ ಅವನು ರಕ್ತ ಪರೀಕ್ಷೆ ಮಾಡುತ್ತಿದ್ದ. ದಿನವಿಡೀ ಯಾರದೋ ತೋಳು, ಯಾರದೋ ನರ. ಸಂಜೆ ಸರಸ್ವತಿ ನಗರದ ನಮ್ಮ ಮನೆಗೆ ಬಂದು ಕೈ ತೊಳೆದು, ಚಹಾ ಕುಡಿದು, ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಅದನ್ನು ಹಚ್ಚುತ್ತಿದ್ದ. ಹೊಡೆದಾಟದ ಆಟ ಅಲ್ಲ. ಹೊಲ ಮಾಡುವ ಆಟ. ಬರೀ ಬಯಲು ಕೊಡುತ್ತಾರೆ. ಕಲ್ಲು ಆರಿಸಬೇಕು, ಉಳಬೇಕು, ಬಿತ್ತಬೇಕು, ಬೆಳೆದದ್ದನ್ನು ಮಾರಿ ಹಸು ತರಬೇಕು. ಇಬ್ಬರು ಕೂಡಿ ಆಡುವಂಥದ್ದು. ಟಿ.ವಿ.ಯೊಳಗೆ ಒಬ್ಬ ನೀಲಿ ಅಂಗಿಯ ಗಂಡಸು, ಅವನು ತಮ್ಮ. ಕೆಂಪು ಟೊಪ್ಪಿಗೆಯ ಹುಡುಗಿ, ಅವಳು ಮಗಳು.

ಅವ್ವನಿಗೆ ಅದನ್ನು ಕಂಡರೆ ಆಗುತ್ತಿರಲಿಲ್ಲ.

"ಇದ್ದ ಹೊಲ ಮಾರಿ ಮನಿ ಕಟ್ಟಿಸಿದಿ. ಈಗ ಟೀವಿಯಾಗ ಉಳ್ತೀಯೇನೋ?"

"ಇಲ್ಲಿ ಕೂಲಿ ಖರ್ಚಿಲ್ಲವ್ವ. ಮಗಳು ಬಿಟ್ಟಿ ದುಡೀತಾಳೆ."

"ಬಿಟ್ಟಿ ಅಲ್ಲಜ್ಜಿ," ಮಗಳು ತಿರುಗಿ ನೋಡದೆ ಹೇಳುತ್ತಿದ್ದಳು, "ಐಸ್‌ಕ್ರೀಮ್ ಐತೆ."

ಅವ್ವ ಹೇಳುತ್ತಿದ್ದ ಹೊಲ ನಮ್ಮ ಊರು ಮಾಯಕೊಂಡದ್ದು. ಅಪ್ಪ ಹೋದ ಮೇಲೆ ಮಾಡುವವರಿಲ್ಲದೆ ಮಾರಿ ಈ ಮನೆ ಕಟ್ಟಿಸಿದೆವು. ಯಾರಿಗೂ ಅದರ ಬಗ್ಗೆ ಜಗಳವಿರಲಿಲ್ಲ. ಅವ್ವ ಮಾತ್ರ ವರ್ಷಕ್ಕೊಮ್ಮೆ, ಸೀಗೆ ಹುಣ್ಣಿಮೆಯ ದಿನ, ಬೆಳಿಗ್ಗೆಯಿಂದ ಯಾರ ಹತ್ತಿರವೂ ಸರಿಯಾಗಿ ಮಾತಾಡುತ್ತಿರಲಿಲ್ಲ. ಮೊದಲೆಲ್ಲ ಅವತ್ತು ಬುತ್ತಿ ಕಟ್ಟಿಕೊಂಡು ಹೋಗಿ, ಹೊಲದ ನಾಲ್ಕೂ ಕಡೆ ಬುತ್ತಿಯ ಅನ್ನವನ್ನು ಚರಗವೆಂದು ಚೆಲ್ಲಿ, ಭೂಮಿತಾಯಿಗೆ ಉಣಿಸಿ ಬರುತ್ತಿದ್ದಳು. ಈಗ ಅಡುಗೆ ಮಾಡುತ್ತಾಳೆ, ಚೆಲ್ಲಲು ಹೊಲವಿಲ್ಲ.

ತಮ್ಮ ಹೋಗಿದ್ದು ಒಂದು ಸೋಮವಾರ, ಲ್ಯಾಬಿನಲ್ಲೇ. ಎದೆ ಹಿಡಿದುಕೊಂಡು ಕುರ್ಚಿಯಲ್ಲಿ ಕೂತನಂತೆ. ಎದುರಿಗೆ ರಕ್ತ ಕೊಡಲು ಬಂದವರು, ಅವನೇನೋ ಹುಡುಕುತ್ತಿದ್ದಾನೆ ಅಂದುಕೊಂಡರಂತೆ. ಇದಕ್ಕಿಂತ ಹೆಚ್ಚು ನನಗೆ ಬರೆಯಲು ಬರುವುದಿಲ್ಲ.

ಅದಾದ ಕೆಲವು ತಿಂಗಳಿಗೆ ಹುಡುಗಿ ಒಂದು ಸಂಜೆ ಮೆಷಿನ್ ಹಚ್ಚಿದಳು. ಆಟ ತೆರೆಯಲಿಲ್ಲ. ಮೊದಲನೇ ಆಟಗಾರ ತಮ್ಮ. ಅವನ ಕಂಟ್ರೋಲರ್ ಕೈಯಲ್ಲಿ ಹಿಡಿದು ಯಾರಾದರೂ ಗುಂಡಿ ಒತ್ತದೆ ಹೊಲದ ಬಾಗಿಲು ತೆರೆಯುವುದಿಲ್ಲ. ಅವಳು ಅದನ್ನು ನನ್ನ ಕೈಗೆ ಕೊಟ್ಟಳು.

"ಅತ್ತೆ, ಇದೊಂದು ಒತ್ತು. ಆಮೇಲೆ ಏನೂ ಒತ್ತಬ್ಯಾಡ. ಸುಮ್ನೆ ಹಿಡ್ಕೊಂಡು ಕೂತ್ಕೊ."

ಒತ್ತಿದೆ. ಹೊಲ ಬಂತು. ನೀಲಿ ಅಂಗಿಯವನು ಬಾವಿಯ ಹತ್ತಿರ ನಿಂತಿದ್ದ. ಹೋಗುವ ಹಿಂದಿನ ದಿನ, ಭಾನುವಾರ ರಾತ್ರಿ ಆಟ ಮುಗಿಸುವಾಗ ತಮ್ಮ ಅವನನ್ನು ಅಲ್ಲಿ ಬಿಟ್ಟಿದ್ದ. ಬಿಟ್ಟಲ್ಲೇ ನಿಂತಿದ್ದ. ಆಗಾಗ ಎಡಗಾಲಿನಿಂದ ಬಲಗಾಲಿಗೆ ಭಾರ ಬದಲಿಸುತ್ತಿದ್ದ, ಅಷ್ಟೆ. ಹುಡುಗಿ ಅವನ ಸುತ್ತಮುತ್ತ ಓಡಾಡಿ ನೀರು ಹಾಕಿದಳು, ಹಸುವಿಗೆ ಮೇವು ಹಾಕಿದಳು. ನಾನು ಉಸಿರು ಬಿಗಿ ಹಿಡಿದು, ಹೆಬ್ಬೆರಳು ತಾಗದ ಹಾಗೆ ಕಂಟ್ರೋಲರ್ ಹಿಡಿದು ಕೂತೆ. ಆಮೇಲೆ ಎಷ್ಟು ಸಂಜೆ ಹಾಗೆ ಕೂತೆನೋ. ಹಾಗೆ ಕೂತಾಗ ಮಾತ್ರ ನಾನು ಏಳುತ್ತಿರಲಿಲ್ಲ.

ಮುಂದೆ ತಮ್ಮನ ಹೆಂಡತಿಗೆ ಹರಿಹರದ ಸಂಬಂಧ ಬಂತು. ಅಲ್ಲೊಂದು ಲೇತ್ ವರ್ಕ್‌ಶಾಪ್ ಇಟ್ಟುಕೊಂಡವರು. ಅವರಿಗೂ ಎರಡನೆಯದು, ಮಕ್ಕಳಿಲ್ಲ. ನಮ್ಮ ಕಡೆ ಹಿಂದೆ ಗಂಡ ಸತ್ತವಳನ್ನು ಮತ್ತೆ ಕೊಡುವುದಕ್ಕೆ ಉಡಿಕೆ ಎನ್ನುತ್ತಿದ್ದರು. ವಾಲಗವಿಲ್ಲ, ಹಂದರವಿಲ್ಲ. ಹೋಗುವವಳು ಮೊದಲ ಮನೆಯದೊಂದು ಕಡ್ಡಿಯನ್ನೂ ಒಯ್ಯುವ ಹಾಗಿರಲಿಲ್ಲ. ತಾಳಿ, ಬೆಳ್ಳಿ, ಕೊನೆಗೆ ಹೆತ್ತ ಕೂಸನ್ನೂ ಬಿಟ್ಟು ಹೋಗಬೇಕಿತ್ತು. ಅವ್ವ ಅಂಥದ್ದನ್ನು ಕಣ್ಣಾರೆ ಕಂಡವಳು. ಆದರೂ ಮಾತುಕತೆಗೆ ಕೂತಾಗ ಮೊದಲು ಬಾಯಿ ತೆರೆದವಳು ಅವಳೇ. "ಕೂಸು ತಾಯಿ ಜೊತಿಗೆ ಹೋಗಬೇಕು. ಅದರಾಗ ಎರಡನೇ ಮಾತಿಲ್ಲ." ಹೊರಡುವ ದಿನ ಮಾತ್ರ, ತಮ್ಮನ ಹೆಂಡತಿ ಮೆಷಿನ್ನಿನ ವೈರು ಸುತ್ತುತ್ತಿದ್ದವಳು ಅವ್ವನ ಮುಖ ನೋಡಿ, ಅದನ್ನು ತಿರುಗಿ ಕಪಾಟಿನಲ್ಲಿಟ್ಟಳು. "ಇದು ಇಲ್ಲೇ ಇರ್ಲಿ ಅಕ್ಕಾ." ಅವ್ವ ಬೇಡವೆನ್ನಲಿಲ್ಲ.

ಹುಡುಗಿ ರಜೆಗೆ ಬಂದಾಗ ನಾವಿಬ್ಬರೂ ಆಡುತ್ತಿದ್ದೆವು. ಅವಳು ಆಡುವುದು, ನಾನು ಹಿಡಿಯುವುದು. ಈಚೆಗೆ ಮೆಷಿನ್ ಬಿಸಿಯಾಗಿ ನಡುವೆ ತಾನೇ ಆರಿಹೋಗುತ್ತಿತ್ತು. ಒಮ್ಮೆ ಪೂರ್ತಿ ಕೆಟ್ಟರೆ ಹೊಲವೂ ಹೋಗುತ್ತದೆಂದು ಹುಡುಗಿ ಅತ್ತಿದ್ದಳು. ಸಾಗಿಸಲೇಬೇಕು ಎಂಬುದು ನನಗೂ ಗೊತ್ತಿತ್ತು. ಗೊತ್ತಿದ್ದದ್ದಕ್ಕೇ ಈ ಒದ್ದಾಟ. ಹರಿಹರದಲ್ಲಿ ಆ ಕಂಟ್ರೋಲರ್ ಹಿಡಿಯುವವರು ಯಾರು? ಅವರು ನನ್ನ ಹಾಗೆ ಸುಮ್ಮನೆ ಹಿಡಿಯುತ್ತಾರೆಯೇ?

ಭಾನುವಾರ ಬಂದರು. ಮದುವೆಯಾದ ಮೇಲೆ ಆ ಮನುಷ್ಯ ನಮ್ಮ ಮನೆ ಮೆಟ್ಟಿಲು ಹತ್ತಿದ್ದು ಅದೇ ಮೊದಲು. ಇಸ್ತ್ರಿ ಅಂಗಿ, ಉಗುರಿನ ಸಂದಿಯಲ್ಲಿ ಹೋಗದ ಎಣ್ಣೆಕಪ್ಪು. ಬಾಗಿಲಲ್ಲೇ ನಿಂತರು.

"ಬರ್ರಿ, ಕೂಡ್ರಿ," ಅಂದಳು ಅವ್ವ, ಬೇರೆ ಕಡೆ ನೋಡುತ್ತಾ.

ಅವರು ಮಂಚದ ತುದಿಯಲ್ಲಿ ಕೂತರು. ನಾನು ಮಂಡಕ್ಕಿ, ಮಿರ್ಚಿ ತಂದಿಟ್ಟೆ. ಹುಡುಗಿ ಆಗಲೇ ನೆಲದ ಮೇಲೆ ಚಾಪೆ ಹಾಸಿ ಎರಡೂ ಮೆಷಿನ್ ಅಕ್ಕಪಕ್ಕ ಇಟ್ಟಿದ್ದಳು. ಹಳೆಯದರ ಫ್ಯಾನು ಕೆಮ್ಮುವ ಹಾಗೆ ಸದ್ದು ಮಾಡುತ್ತಿತ್ತು. ಹೊಸದು ಉಸಿರಾಡುತ್ತಿದೆಯೋ ಇಲ್ಲವೋ ತಿಳಿಯುತ್ತಿರಲಿಲ್ಲ. ಅವರು ಮಿರ್ಚಿ ಹಿಡಿದ ಕೈ ಒರೆಸಿಕೊಂಡು ಕೆಳಗೆ ಬಂದು ಕೂತರು, ಪರದೆಯ ಮೇಲಿನ ಇಂಗ್ಲಿಷನ್ನು ಬೆರಳಿಟ್ಟು ಓದಿದರು. ಕೊನೆಯ ಸಾಲಿನ ಮೇಲೆ ಬೆರಳು ನಿಂತಿತು.

"ಏನಂತ್ರಿ?" ಅಂದೆ.

"ಇದು ನಕಲು ಮಾಡಲ್ಲಂತ್ರಿ ಅಕ್ಕಾರ. ಹೊಸದಕ್ಕೆ ಹೋತು ಅಂದ್ರ ಹಳೇದರಾಗ ಉಳಿಯಲ್ಲ."

ಅವ್ವ ಅಡುಗೆಮನೆಯಿಂದಲೇ ಕೂಗಿದಳು. "ಹಂಗಾರ ಪಾಲು ಮಾಡ್ರಿ. ಕೂಸಿಂದು ಕೂಸಿಗೆ ಹೋಗ್ಲಿ. ನನ್ನ ಮಗಂದು ಇಲ್ಲಿರ್ಲಿ."

"ಇದರಾಗ ಪಾಲು ಇಲ್ಲ ಅಮ್ಮಾರ. ಹೊಲ ಅವರ ಹೆಸರಿನಾಗೈತೆ. ಹೋದ್ರ ಇಡೀದೇ ಹೋಗಬೇಕು." ಹೊಸದರ ವೈರಿಗೆ ಕೈ ಹಾಕಿ, "ನಿಮಗೆ ಬ್ಯಾಡ ಅನ್ನಿಸಿದ್ರ ನಾವು ಹಂಗೇ ಹೋಗ್ತೀವ್ರಿ. ಈಕಿಗೆ ನಾನು ಹೇಳ್ತೀನಿ."

ಹುಡುಗಿ ಅವರ ಕಡೆ ನೋಡಿದ ನೋಟ ಹೇಳತೀರದು. ತಮ್ಮನ ಹೆಂಡತಿ ತಲೆ ತಗ್ಗಿಸಿ ಮಂಡಕ್ಕಿಯಲ್ಲಿದ್ದ ಕಡಲೆಬೀಜ ಆರಿಸುತ್ತಿದ್ದಳು, ತಿನ್ನುತ್ತಿರಲಿಲ್ಲ. ನಾನು ಕಿಟಕಿಯ ಹತ್ತಿರ ಹೋದೆ, ಬಂದೆ, ಮತ್ತೆ ಹೋದೆ. ಬೇಡ ಎನ್ನುವ ಮಾತು ನನ್ನ ನಾಲಿಗೆಯ ಮೇಲೇ ಇತ್ತು.

ಅವ್ವ ಹೊರಗೆ ಬಂದಳು. "ಅಂಥಾದ್ದೇನೈತೆ ಅದರಾಗ? ತೋರಿಸ್ರಿ ನೋಡೋಣ."

ಅಷ್ಟು ವರ್ಷದಲ್ಲಿ ಅವಳು ಒಮ್ಮೆಯೂ ಆ ಹೊಲವನ್ನು ಕೂತು ನೋಡಿದವಳಲ್ಲ. ಹುಡುಗಿ ಆಟ ಹಚ್ಚಿದಳು, ನಾನು ನನ್ನ ಗುಂಡಿ ಒತ್ತಿದೆ. ಅವ್ವ ಕನ್ನಡಕ ಏರಿಸಿಕೊಂಡು ಟಿ.ವಿ.ಯ ಹತ್ತಿರ ಬಂದಳು. ಕೆಂಪು ಟೊಪ್ಪಿಗೆಯ ಹುಡುಗಿ ಬದುವಿನ ಮೇಲೆ ನಡೆಯತೊಡಗಿದಳು. ಹಳ್ಳ ಬಂತು. ಹಳ್ಳ ದಾಟಲು ಇಟ್ಟ ಮೂರು ಕಲ್ಲು ಬಂದವು. ಅವ್ವನ ಕೈ ತಾನಾಗಿ ನನ್ನ ಭುಜದ ಮೇಲೆ ಬಂತು.

"ಇದು ನಮ್ಮ ಹೊಲ ಅಲ್ಲೇನೇ?"

ನನಗೆ ತಿಳಿದಿರಲಿಲ್ಲ. ಅಷ್ಟು ಸಂಜೆ ಕೂತಿದ್ದೆ, ನೋಡಿದ್ದು ನೀಲಿ ಅಂಗಿಯವನನ್ನು ಮಾತ್ರ. ಈಗ ನೋಡಿದರೆ ಬಾವಿ, ದನದ ಕೊಟ್ಟಿಗೆ, ದಾರಿಯ ಕಡೆ ಬಾಗಿದ ಬದು, ಎಲ್ಲ ಮಾಯಕೊಂಡದ್ದೇ.

"ಆ ಮೂಲ್ಯಾಗಿನ ಮೆಕ್ಕೆಜೋಳ ಯಾಕ ಕೊಯ್ದಿಲ್ಲ?" ಅವ್ವ ಕೇಳಿದಳು. "ಈ ಮೂಲ್ಯಾಗೂ ಐತೆ. ಇಂಥಾ ಮೈಗಳ್ಳತನ ಮಾಡಿದ್ರ ಹೊಲ ಉಳಿತೈತೇನು?"

"ಮೈಗಳ್ಳತನ ಅಲ್ಲಜ್ಜಿ. ನಾಕು ಮೂಲಿಗೂ ಒಂದೊಂದು ಬಿಡಬೇಕು. ಈ ಆಟದಾಗ ಅನ್ನ ಚೆಲ್ಲಕ್ಕೆ ಬರಲ್ಲ, ಅದಕ್ಕೆ ಇದೇ ಚರಗ ಅಂತ ಅಪ್ಪ ಹೇಳಿದ್ದ. ಸೀಗೆ ಹುಣ್ಣಿಮಿ ದಿನ ನೀನು ಸಿಟ್ಟಾಗಿದ್ಯಲ್ಲ, ಅವತ್ತು ಮಾಡಿದ್ವಿ."

ಫ್ಯಾನು ಕೆಮ್ಮುತ್ತಿತ್ತು. ಅವ್ವ ಬಹಳ ಹೊತ್ತು ನೋಡಿ, ಸೆರಗಿನಿಂದ ಟಿ.ವಿ.ಯ ಗಾಜಿನ ಮೇಲಿನ ಧೂಳು ಒರೆಸಿದಳು.

"ಬೇವಿನ ಮರ ತಪ್ಪೈತೆ," ಅಂದಳು. "ಬಾವಿಗೆ ಆ ಕಡೀಗಿತ್ತು. ಅವನಿಗೇನು ಗೊತ್ತು, ಸಣ್ಣಾಂವ. ಆ ಕಡೀಗೆ ಹಚ್ರಿ." ಆಮೇಲೆ ಆ ಮನುಷ್ಯನ ಕಡೆ ಮೊದಲ ಸಲ ನೇರ ನೋಡಿ, "ಒಯ್ರಿ. ಬಿತ್ತೋರಿಲ್ದ ಹೊಲ ಇಲ್ಲಿಟ್ಕೊಂಡು ಏನ್ಮಾಡ್ಲಿ. ಆ ನಾಕು ಮೂಲಿಗೆ ಮಾತ್ರ ಕುಡುಗೋಲು ಹಚ್ಚಬ್ಯಾಡ್ರಿ."

"ಇಲ್ರಿ ಅಮ್ಮಾರ."

ಕೊನೆಯ ಗುಂಡಿಯನ್ನು ತಮ್ಮನ ಕಂಟ್ರೋಲರಿನಲ್ಲೇ ಒತ್ತಬೇಕಿತ್ತು. ಎಲ್ಲರೂ ನನ್ನ ಕಡೆ ನೋಡಿದರು. ಬೇಡ ಅನ್ನಲು ಈಗ ನನಗೆ ಅವ್ವನ ಆಸರೆಯೂ ಉಳಿದಿರಲಿಲ್ಲ. ಒತ್ತಿದೆ. ಹಸಿರು ಗೆರೆಯೊಂದು ಎಡದಿಂದ ಬಲಕ್ಕೆ ಹೊರಟಿತು. ನಡುವೆ ಕರೆಂಟು ಹೋದರೆ ಏನು ಗತಿಯೆಂದು ಹುಡುಗಿ ಸೂರಿನ ಫ್ಯಾನಿನ ರೆಕ್ಕೆಯನ್ನೇ ನೋಡುತ್ತಿದ್ದಳು. ಕರೆಂಟು ಹೋಗದಿರಲಿ ಎಂದು ಅವಳು ಬೇಡುತ್ತಿದ್ದಳು. ನಾನು ಏನು ಬೇಡುತ್ತಿದ್ದೆನೋ ಹೇಳಲಾರೆ. ಕರೆಂಟು ಹೋಗಲಿಲ್ಲ.

ಅವರು ಹೊರಟ ಮೇಲೆ ಹಳೆಯದನ್ನು ಹಚ್ಚಿ ನೋಡಿದೆ. ತಮ್ಮನ ಹೆಸರಿದ್ದ ಜಾಗ ಖಾಲಿ. ಕಂಟ್ರೋಲರ್ ಅವರ ಜೊತೆಗೇ ಹೋಗಿತ್ತು.

ಮುಂದಿನ ದಿನಗಳಲ್ಲಿ ನನ್ನ ಕೈಗೆ ಏನು ಮಾಡಬೇಕೆಂದು ತಿಳಿಯಲಿಲ್ಲ. ಒಂದು ರೇಷ್ಮೆ ಸೀರೆಗೆ ಫಾಲ್ಸನ್ನು ತಿರುವುಮುರುವಾಗಿ ಹಚ್ಚಿ, ಬಿಚ್ಚಿ, ಮತ್ತೆ ಹಚ್ಚಿದೆ. ಫೋನ್ ಮಾಡಿ ಕೇಳಬಹುದಿತ್ತು. ಏನಂತ ಕೇಳುವುದು? ಅವನನ್ನು ಯಾರಾದರೂ ನಡೆಸಿದಿರಾ ಅಂತಲೇ? ಕೊನೆಗೆ ಹರಿಹರದ ಒಬ್ಬ ಗಿರಾಕಿಯ ಸೀರೆ ಮುಗಿದದ್ದೇ ನೆಪವಾಗಿ ಬಸ್ಸು ಹತ್ತಿದೆ. ಸೀಟು ಸಿಕ್ಕಿದರೂ ನಿಂತೇ ಹೋದೆ.

ಅವರ ಮನೆಯ ಬಾಗಿಲು ತೆರೆದೇ ಇತ್ತು. ಚಪ್ಪಲಿ ಬಿಡುವಾಗಲೇ ಒಳಗಿನ ಕೂಗು ಕೇಳಿಸಿತು.

"ಕಾಕಾ, ಎಡಕ್ಕೆ! ಎಡಕ್ಕೆ ಅಂದ್ರ ಎಡಕ್ಕೆ! ನಿಮ್ಮ ಲೇತ್ ಹೆಂಗ ನಡಸ್ತೀರಿ?"

"ಲೇತು ಓಡಿ ಹೋಗಲ್ಲವ್ವ. ಈ ಮನುಷ್ಯ ನಿಲ್ಲವಲ್ಲ."

ಅವರ ಕೈಯಲ್ಲಿ ತಮ್ಮನ ಕಂಟ್ರೋಲರ್. ಪರದೆಯ ಮೇಲೆ ನೀಲಿ ಅಂಗಿಯವನು ಹಳ್ಳದಲ್ಲಿ ಮೊಣಕಾಲವರೆಗೆ ನಿಂತು ದಡಕ್ಕೆ ಢಿಕ್ಕಿ ಹೊಡೆಯುತ್ತಿದ್ದ. ಬಾವಿಯ ಹತ್ತಿರ ಯಾರೂ ಇರಲಿಲ್ಲ. ನನ್ನ ಕಣ್ಣು ಮೊದಲು ಹೋದದ್ದು ಅಲ್ಲಿಗೇ. ಬಾವಿ, ಪಕ್ಕದಲ್ಲಿ ಬರೀ ನೆಲ.

ಅವರು ನನ್ನನ್ನು ಕಂಡು ಗಡಬಡಿಸಿ ಎದ್ದರು. "ಅಕ್ಕಾರ, ಬರ್ರಿ, ನೀವು ಹಿಡೀರಿ."

"ಅತ್ತೆಗೆ ಆಡಾಕೆ ಬರಲ್ಲ ಕಾಕಾ, ಬರೀ ಹಿಡೀತಾಳೆ," ಅಂದಳು ಹುಡುಗಿ.

ಕಂಟ್ರೋಲರ್ ಬೆಚ್ಚಗಿತ್ತು. ಈ ಸಲ ನಾನು ಹೆಬ್ಬೆರಳು ಇಟ್ಟೆ. ಅವನನ್ನು ಬಾವಿಗೆ ಕರೆತರಬೇಕೆಂದು ಒತ್ತಿದೆ. ಅವನು ನೀರಿನಲ್ಲೇ ಮೇಲಕ್ಕೆ ಹಾರಿದ. ಮತ್ತೊಂದು ಒತ್ತಿದೆ, ಗುದ್ದಲಿ ತೆಗೆದು ನೀರು ಅಗೆಯತೊಡಗಿದ. ಹುಡುಗಿ ಬಿದ್ದು ಬಿದ್ದು ನಕ್ಕಳು. ನನಗೆ ನಗು ಬರಲಿಲ್ಲ, ಅಳುವೂ ಬರಲಿಲ್ಲ, ಬೆವರು ಬಂತು. ಹತ್ತಿಪ್ಪತ್ತು ಹೆಜ್ಜೆ ದಡದ ಮೇಲೆ ತಂದೆ. ತಿರುಗಿಸಲು ಹೋದರೆ ಮತ್ತೆ ನೀರಿಗೇ ಬಿದ್ದ. ಕೈ ಸೋತಿತು. ಅವರಿಗೇ ತಿರುಗಿ ಕೊಟ್ಟೆ.

ಕೊಡುವಾಗ, ಕೇಳಬಾರದು ಅಂದುಕೊಂಡಿದ್ದು ಬಾಯಿಗೆ ಬಂದೇಬಿಟ್ಟಿತು. "ಆಟ ಮುಗಿಸುವಾಗ ಇವನನ್ನ ಎಲ್ಲಿ ಬಿಡ್ತೀರಿ?"

ಅವರು ಹುಡುಗಿಯ ಕಡೆ ನೋಡಿ ತಲೆ ಕೆರೆದುಕೊಂಡರು. "ಅದೊಂದು ದೊಡ್ಡ ಕತೀರಿ ಅಕ್ಕಾರ. ಉಣ್ಣಾಕ ಕರೆದ್ರೂ ಬಿಡಂಗಿಲ್ಲ ಈಕಿ. ಈಕಿ ಅಪ್ಪಾರು ಬಿಟ್ಟ ಬಾವಿ ಹತ್ರಾನೇ ಒಯ್ದು ನಿಲ್ಲಿಸಿದ ಮ್ಯಾಲೇ ಬಂದ್ ಮಾಡಬೇಕು. ನನ್ನ ಕೈಯಾಗ ಅದಕ್ಕೇ ಅರ್ಧ ತಾಸು ಹೋಗ್ತೈತಿ. ನಿನ್ನೆ ಅನ್ನ ಆರಿಹೋತು."

ತಮ್ಮನ ಹೆಂಡತಿ ಒಳಗಿನಿಂದ, "ದಿನಾ ಆರತೈತಿ," ಅಂದಳು.

ಬಸ್ಸಿಗೆ ಹೊತ್ತಾಗುತ್ತಿತ್ತು. ಹೊರಡುವಾಗ ನೋಡಿದೆ. ಅವರು ನಾಲಿಗೆಯ ತುದಿ ಹಲ್ಲಿನ ನಡುವೆ ಹಿಡಿದು ಅವನನ್ನು ಬದುವಿನ ಮೇಲೆ ನಡೆಸುತ್ತಿದ್ದರು. ಇನ್ನೂ ಅರ್ಧ ಹೊಲ ದಾಟಬೇಕಿತ್ತು. ಅವನು ತಲುಪುವವರೆಗೆ ನಿಲ್ಲಬೇಕೆನಿಸಿತು. ನಿಲ್ಲಲಿಲ್ಲ.

ಮನೆಗೆ ಬಂದಾಗ ಅವ್ವ ಬಾಗಿಲಲ್ಲೇ ಕಾದಿದ್ದಳು.

"ಬೇವಿನ ಮರ ಆ ಕಡೀಗೆ ಹಚ್ಯಾರೇನು?"

ನಾನು ನೆನಪು ಮಾಡಿಕೊಂಡೆ. ಬಾವಿ, ಬರೀ ನೆಲ. ಮರ ಈ ಕಡೆ ಇರಲಿಲ್ಲವೆಂದು ಅನಿಸಿತು. ಆ ಕಡೆ ನಾನು ನೋಡಿರಲೇ ಇಲ್ಲ.

"ನೋಡಲಿಲ್ಲವ್ವ."

"ಬಸ್ ಚಾರ್ಜ್ ಕೊಟ್ಟು ಹೋಗಿ ಮತ್ತೇನು ನೋಡಿ ಬಂದಿ?" ಅಂದಳು. ಒಳಗೆ ಹೋದವಳು ತಿರುಗಿ ಬಂದು, "ಬರೋ ಭಾನುವಾರ ನಾನೂ ಬರ್ತೀನಿ. ನಿನ್ನ ನಂಬಿದ್ರ ಆಗಲ್ಲ."

ನಾನು ಬಿಚ್ಚಿದ ಚಪ್ಪಲಿ ಕೈಯಲ್ಲೇ ಹಿಡಿದು ನಿಂತಿದ್ದೆ.