ಸೀಲಿಲ್ಲದ ಅರ್ಜಿ

ಮೊನ್ನೆ ಹನಕೆರೆ ಸ್ಟೇಷನ್ ಪಕ್ಕ ಇದ್ದಿಲಿನ ಇಸ್ತ್ರಿ ಪೆಟ್ಟಿಗೆ ಒದ್ದೆ ಬಟ್ಟೆಯ ಮೇಲೆ ಹರಿದ ವಾಸನೆ ಮೂಗಿಗೆ ಬಡಿಯಿತು. ಕರೆಂಟು ಇಸ್ತ್ರಿಯ ಕಾಲದಲ್ಲೂ ಇದನ್ನು ಬಿಡದವರಿದ್ದಾರಲ್ಲ ಎಂದು ನಿಂತೆ... ನಮ್ಮ ಇಸ್ತ್ರಿ ಅಕ್ಕ ನೆನಪಾದಳು.

ಮದ್ದೂರಿನಲ್ಲಿ ನನ್ನ ಟೈಪಿಂಗ್ ಅಂಗಡಿಯ ಪಕ್ಕದಲ್ಲೇ ಅವಳ ತಳ್ಳುಗಾಡಿ. ಮಗಳ ಹೆರಿಗೆ ಆಪರೇಷನ್ ಆದಾಗ, ಮಗಳಿಗೆ ಅತ್ತೆಮನೆಯವರು ಹಾಕಿದ್ದ ಜೋಡಿ ಬಳೆಯನ್ನು ಗಿರವಿ ಇಟ್ಟಿದ್ದಳು. ಬಾಣಂತನ ಮುಗಿದರೂ ಬಿಡಿಸಲಾಗಲಿಲ್ಲ. ಬರಿಗೈಲಿ ಮಳವಳ್ಳಿಗೆ ಹೋಗಿ ಅತ್ತೆಯ ಮುಂದೆ ನಿಲ್ಲಲಾರೆನೆಂದು ಮಗಳು ಕೂಸಿನೊಂದಿಗೆ ತವರಲ್ಲೇ ಉಳಿದಳು. ಅಷ್ಟರಲ್ಲಿ, ಬಡವರ ಗಿರವಿ ಸಾಲ ಮನ್ನಾ ಮಾಡಿ ಒಡವೆ ವಾಪಸ್ ಕೊಡಿಸುವ ಋಣಮುಕ್ತ ಕಾಯ್ದೆ ಬಂತು.

ಉಪವಿಭಾಗಾಧಿಕಾರಿಗೆ ಕೊಡಬೇಕಾದ ಅರ್ಜಿ ಟೈಪು ಮಾಡಿದವನು ನಾನೇ. ಬುದ್ಧಿ ಹೇಳಿದವನೂ ನಾನೇ. "ಗುಮಾಸ್ತರಿಗೆ ಕೊಟ್ರೆ ಮೂಲೆ ಸೇರ್ತದೆ ಕಣಕ್ಕ, ನೇರ ಸಾಹೇಬ್ರ ಕೈಗೇ ಕೊಡು." ಊರಿಗೆಲ್ಲ ಇಸ್ತ್ರಿ ಹಾಕುವವಳು ಅವತ್ತು ತನ್ನ ಸೀರೆಗೂ ಹಾಕಿಕೊಂಡಳು. ಯಾರ ಮದುವೆಗೆ ಹೊರಟೆ ಎಂದು ರೇಗಿಸಿದೆ. ಎರಡೂ ಕೈಲಿ ಅರ್ಜಿ ಕೊಟ್ಟು, ಕೈ ಮುಗಿದು, "ನೋಡೋಣ ಹೋಗಮ್ಮ" ಅನ್ನಿಸಿಕೊಂಡು ಬಂದಳು.

ಯಾರೂ ನೋಡಲಿಲ್ಲ. ತಿಂಗಳುಗಟ್ಟಲೆ ಅಲೆಸಿ, ಕೊನೆಗೆ ಅಂಥ ಅರ್ಜಿಯೇ ಬಂದಿಲ್ಲ ಅಂದರು ಕಚೇರಿಯವರು. ಹೊಸದು ಕೊಡೋಣವೆಂದರೆ ಕೊನೆಯ ದಿನ ದಾಟಿತ್ತು. ಗಿರವಿಯವನು ಹರಾಜಿನ ನೋಟೀಸು ಕಳಿಸಿದ. ಹೈಕೋರ್ಟೇ ಗತಿ ಎಂದು ಇಬ್ಬರೂ ಬೆಂಗಳೂರಿನ ರೈಲು ಹತ್ತಿದೆವು.

ವಕೀಲರು ಅರ್ಜಿಯ ನಕಲನ್ನು ಹಿಂದೆ ಮುಂದೆ ತಿರುಗಿಸಿ ನೋಡಿದರು. "ತಲುಪಿದ್ದಕ್ಕೆ ಕಚೇರಿಯ ಸೀಲೇ ಇಲ್ವಲ್ಲಮ್ಮ? ಟಪಾಲು ವಿಭಾಗದಲ್ಲಿ ಕೊಡದೆ ಸಾಹೇಬರ ಕೈಗೆ ಕೊಡು ಅಂದ ಬುದ್ಧಿವಂತ ಯಾರು?"

ಇಪ್ಪತ್ತು ವರ್ಷ ಅರ್ಜಿ ಬರೆದೇ ಹೊಟ್ಟೆ ಹೊರೆದವನು ಪಕ್ಕದಲ್ಲೇ ಕೂತು ಗೋಡೆ ನೋಡಿದೆ. ಅಕ್ಕ ನನ್ನ ಕಡೆ ತಿರುಗಲೂ ಇಲ್ಲ.

"ಸೀಲು ಒಡಸ್ಕೊ ಅಂತ್ಲೇ ಈ ಅಣ್ಣ ಯೋಳಿದ್ರು ಸ್ವಾಮಿ. ನಾನೇ ಕೇಳ್ನಿಲ್ಲ."

ವಾಪಸ್ ಬರುವಾಗ ರೈಲಿನಲ್ಲಿ, ಯಾಕಕ್ಕ ಹಂಗಂದೆ ಎಂದೆ. "ನಾಳಿಕೆ ನಾಕ್ ಜನ ನಿಮ್ ತಾವ ಅರ್ಜಿ ಬರ್ಸಕ್ಕೆ ಬರ್ಬೇಕಲ್ಲಣ್ಣ. ಬುಡಿ ಅತ್ಲಾಗೆ" ಅಂದು ಕಿಟಕಿಗೆ ತಲೆ ಆನಿಸಿದಳು.

ವಕೀಲರು ಹಾಕಿದ ಕೇಸಿಗೆ, ಕೈಯಾರೆ ಕೊಟ್ಟೆನೆಂದು ಅವಳು ಮಾಡಿದ ಪ್ರಮಾಣವೊಂದೇ ಆಧಾರ. ಆ ನಕಲನ್ನೇ ಅರ್ಜಿಯೆಂದು ತೆಗೆದುಕೊಂಡು ತೀರ್ಮಾನಿಸಿ, ಅಲ್ಲಿಯತನಕ ಬಳೆ ಹರಾಜು ಹಾಕಬೇಡಿ ಎಂದು ನ್ಯಾಯಾಲಯ ಹೇಳಿತು. ಆಮೇಲೆ ಕಡತಕ್ಕೂ ಕಾಲು ಬಂತು. ಬಳೆ ಸಿಕ್ಕವು, ಮಗಳು ಕೂಸನ್ನೆತ್ತಿಕೊಂಡು ಮಳವಳ್ಳಿ ಬಸ್ಸು ಹತ್ತಿದಳು.

ಅಕ್ಕ ಹೋದ ವರ್ಷ ತೀರಿಕೊಂಡಳು. ತಿಥಿಯ ದಿನ ಮಗಳು ಪಂಕ್ತಿಯಲ್ಲಿ ನನಗೆ ಬಡಿಸುತ್ತ ನೆಂಟರಿಗೆಲ್ಲ ಹೇಳಿದಳು: "ನಮ್ಮವ್ವ ಅರ್ಜಿ ಕೆಡಿಸ್ಕಂಡು ಕುಂತಿದ್ಲು. ಬಳೆ ಬಂದಿದ್ದು ಈ ಮಾವನಿಂದ್ಲೇ."

ಅಕ್ಕ ಹೆತ್ತ ಮಗಳಿಗೂ ನಿಜ ಹೇಳಿರಲಿಲ್ಲ... ನಾಚಿಕೆಯಾಯಿತು, ಆದರೂ ಎಲೆಗೆ ಬಡಿಸಿದ್ದನ್ನು ಉಂಡು ಎದ್ದು ಬಂದೆ. ಈಗ ಬರೆಯುತ್ತಿದ್ದೇನೆ. ಕೆಡಿಸಿದ್ದು ನಿಮ್ಮವ್ವ ಅಲ್ಲ ಕಣವ್ವ, ನಾನು.