ಉಶ್ ಚಿಕ್ಕಮ್ಮನ ಹೆಡ್‌ಫೋನು

ಮನೆಯ ಮಕ್ಕಳೆಲ್ಲ ಅವಳನ್ನು ಉಶ್ ಚಿಕ್ಕಮ್ಮ ಎಂದೇ ಕರೆಯುತ್ತಿದ್ದರು. ಕರೆಯುತ್ತಿದ್ದುದು ಬೆನ್ನ ಹಿಂದೆ. ಆದರೂ ಆ ಹೆಸರು ಅವಳ ಕಿವಿಗೆ ಬಿದ್ದು ಎಷ್ಟೋ ಕಾಲವಾಗಿತ್ತು. ಚಮಚ ತಟ್ಟೆಗೆ ತಾಗಿದರೆ ಉಶ್, ಕುರ್ಚಿ ನೆಲಕ್ಕೆ ಕೀರಿದರೆ ಉಶ್, ಪಕ್ಕದ ಮನೆಯ ಕೂಸು ಅತ್ತರೆ ಗೋಡೆಯ ಕಡೆ ತಿರುಗಿ ಒಂದು ಉಶ್. ಮಿಕ್ಕಂತೆ ಅವಳದು ಬೆಣ್ಣೆಯಂಥ ಜೀವ. ಬಡಿಸುವ ಕೈ ದೊಡ್ಡದು, ಮಕ್ಕಳ ಹರಿದ ಚೀಲಗಳನ್ನು ಕೇಳುವ ಮೊದಲೇ ಎಳೆದುಕೊಂಡು ಹೊಲಿದುಕೊಡುವವಳು. ಗದ್ದಲವೆಂದರೆ ಮಾತ್ರ ಮೈಯೆಲ್ಲ ಮುಳ್ಳು.

ಹರೆಯದ ಹುಡುಗಿಯಾಗಿದ್ದಾಗಲೇ ಅವಳು ನೂಲಿನ ಗಿರಣಿಗೆ ಸೇರಿದ್ದಳು. ಉದ್ದನೆಯ ಕೋಣೆಯಲ್ಲಿ ನೂಲು ಸುತ್ತುವ ಕದಿರುಗಳು ಸಾಲುಸಾಲಾಗಿ ತಿರುಗುತ್ತಿದ್ದವು. ಎಳೆ ಕಡಿದಲ್ಲಿ ಓಡಿಹೋಗಿ ಬೆರಳ ತುದಿಯಿಂದ ಹೊಸೆದು ಸೇರಿಸುವುದು ಅವಳ ಕೆಲಸ. ಅಲ್ಲಿ ಗಂಟಲು ಹರಿದುಕೊಂಡು ಕೂಗಿದರೂ ಪಕ್ಕದವರಿಗೆ ಕೇಳದು. ಅದಕ್ಕೇ ಹೆಂಗಸರೆಲ್ಲ ತುಟಿ ಆಡಿಸಿ, ಕೈಸನ್ನೆ ಮಾಡಿ ಮಾತಾಡುತ್ತಿದ್ದರು. ಹೊಟ್ಟೆ ತಟ್ಟಿದರೆ ಹಸಿವು. ಇಲ್ಲದ ಮೀಸೆ ತಿರುವಿದರೆ ಮೇಸ್ತ್ರಿ ಬಂದ ಎಂದು. ಹಾಗೆ ಸದ್ದಿಲ್ಲದೆ ಎಷ್ಟು ಹರಟೆ, ಎಷ್ಟು ಚಾಡಿ!

ಒಂದು ರಜೆಯ ದಿನ ಅಂಗಳದಲ್ಲಿ ಬಟ್ಟೆ ಒಣಹಾಕುತ್ತ ಅವಳು, ಜೀರುಂಡೆ ಎಷ್ಟು ಕೂಗುತ್ತಿದೆಯಲ್ಲ ಎಂದು ತಾಯಿಗೆ ಹೇಳಿದಳು. ಯಾವ ಜೀರುಂಡೆ ಎಂದು ತಾಯಿ ಕೇಳಿದರು. ಆಸುಪಾಸಿನಲ್ಲಿ ಒಂದು ಗಿಡವೂ ಇರಲಿಲ್ಲ. ತಾಯಿ ಕಿವಿಗೆ ಬೆಚ್ಚಗಿನ ಎಣ್ಣೆ ಬಿಟ್ಟರು, ಹತ್ತಿ ಇಟ್ಟರು. ಜೀರುಂಡೆ ಹೋಗಲಿಲ್ಲ. ಹಗಲೂ ಇರುಳೂ ಒಂದೇ ಸಮ, ಜೀ ಎಂದು, ಕಿವಿಯೊಳಗೇ ಗೂಡು ಕಟ್ಟಿದಂತೆ. ಕಿವಿ ಕೆಟ್ಟಿದೆ ಎಂದು ಮೇಸ್ತ್ರಿಗೆ ಗೊತ್ತಾದರೆ ಮನೆಗೆ ಕಳಿಸಿಬಿಡುತ್ತಾನೆ ಎಂಬ ಹೆದರಿಕೆಗೆ ಅವಳು ಬಾಯಿಗೆ ಬೀಗ ಹಾಕಿಕೊಂಡಳು. ಕೆಲಸದ ಹೆದರಿಕೆ ಹೋದ ಮೇಲೂ ಆ ಬೀಗ ಹಾಗೇ ಉಳಿಯಿತು. ಹೇಳಿದರೆ ಯಾರು ನಂಬುತ್ತಾರೆ? ನೋಯುವುದಿಲ್ಲ, ಸೋರುವುದಿಲ್ಲ, ತೋರಿಸುವುದಕ್ಕೆ ಒಂದು ಗಾಯವಿಲ್ಲ.

ಅವಳ ಗಂಡನನ್ನು ಬೀದಿಯವರೆಲ್ಲ ಸೀಟಣ್ಣ ಎನ್ನುತ್ತಿದ್ದರು. ಬಸ್ಸಿನ ಸೀಟು, ಕ್ಷೌರದಂಗಡಿಯ ಕುರ್ಚಿ, ಆಸ್ಪತ್ರೆಯ ಬೆಂಚು, ಯಾವುದರ ಮೆತ್ತೆ ಹರಿದರೂ ಅದು ಅವನ ಬಾಗಿಲಿಗೆ ಬರಬೇಕು. ಇಬ್ಬರೂ ಒಬ್ಬರನ್ನೊಬ್ಬರು ಕಂಡದ್ದು ಗಿರಣಿಯಲ್ಲೇ. ಬಾಗಿಲ ಬಳಿಯ ಬೆಂಚಿಗೆ ರೆಕ್ಸಿನ್ ಹೊಡೆಯಲು ಬಂದಿದ್ದ ಅವನು ಸುತ್ತಿಗೆಯ ಜೊತೆ ಏನನ್ನೋ ಹಾಡಿಕೊಳ್ಳುತ್ತಿದ್ದ. ಆ ಗದ್ದಲದಲ್ಲಿ ಅವನ ದನಿ ಯಾರಿಗೂ ಕೇಳುವಂತಿರಲಿಲ್ಲ. ಅವಳು ಮಾತ್ರ ತುಟಿ ನೋಡಿ ಹಾಡನ್ನು ಓದಿಕೊಂಡಳು, ಅವನು ಒಂದು ಸಾಲು ತಪ್ಪಿದಾಗ ನಕ್ಕಳು. ಆ ನಗುವಿಗೇ ಅವನು ಬಿದ್ದ.

ಮದುವೆಯಾದ ಮೇಲೆ ಅವನ ಹಾಡಿನ ಹುಚ್ಚು ಎಷ್ಟೆಂದು ತಿಳಿಯಿತು. ಎದ್ದರೆ ರೇಡಿಯೋ, ಕೂತರೆ ರೇಡಿಯೋ. ಆ ಪುಟ್ಟ ಪೆಟ್ಟಿಗೆಯ ಸೀಳು ದನಿ ಹೊರಟಿತೋ ಇಲ್ಲವೋ, ಕಿವಿಯ ಜೀರುಂಡೆ ಅದಕ್ಕೆ ಜೊತೆಗೂಡಿ ಎರಡು ಪಟ್ಟಾಗುತ್ತಿತ್ತು. ಅವಳು ಉಶ್ ಎಂದಳು. ಅವನು ದನಿ ತಗ್ಗಿಸಿದ. ಮತ್ತೆ ಉಶ್ ಎಂದಾಗ ರೇಡಿಯೋವನ್ನು ಹಿತ್ತಿಲಿಗೆ ಒಯ್ದ. ಕೊನೆಗೆ ಬಟ್ಟೆ ಸುತ್ತಿ ಅಟ್ಟಕ್ಕೆ ಹಾಕಿದ. ಅವಳ ಮೇಲೆ ಒಂದು ದಿನವೂ ಸಿಡುಕಿದವನಲ್ಲ. ಯಾರಾದರೂ ಕೇಳಿದರೆ, ನಮ್ಮವಳಿಗೆ ಹಾಡು ಆಗಿಬರುವುದಿಲ್ಲ ಎಂದಷ್ಟೇ ಹೇಳಿ ದಬ್ಬಳಕ್ಕೆ ದಾರ ಪೋಣಿಸುತ್ತಿದ್ದ.

ಗಿರಣಿ ಮುಚ್ಚಿದ ಮೇಲೆ ಅವಳೂ ಅವನ ಕೆಲಸಕ್ಕೆ ಕೈಹಚ್ಚಿದಳು. ಮನೆಯ ಮುಂಗೋಣೆಯೇ ಅಂಗಡಿ. ಅವನು ಸ್ಪಂಜು ಕತ್ತರಿಸಿದರೆ ಅವಳು ಹೊದಿಕೆ ಹೊಲಿಯುವಳು. ಮಕ್ಕಳಾಗಲಿಲ್ಲ. ಮಹಡಿಯ ಮೇಲೆ ಅವನ ಅಣ್ಣನ ಸಂಸಾರ ಇತ್ತಾದ್ದರಿಂದ ಮನೆಯಲ್ಲಿ ಮಕ್ಕಳಿಗೆ ಕೊರತೆ ಇರಲಿಲ್ಲ, ಉಶ್ ಎನ್ನುವುದಕ್ಕೂ ಬಿಡುವಿರಲಿಲ್ಲ.

ಹೀಗಿರುವಾಗ ಸೀಟಣ್ಣನಿಗೆ ಒಂದು ರೆಕಾರ್ಡಿಂಗ್ ಕೋಣೆಯ ಗೋಡೆಗೆಲ್ಲ ಮೆತ್ತೆ ಹೊಡೆಯುವ ಕೆಲಸ ಬಂತು. ಕೆಲಸ ಮುಗಿದ ದಿನ ಅಲ್ಲಿನ ಯಜಮಾನ, ಇವನ ಹಾಡಿನ ಆಸೆ ಕಂಡವನು, ತನ್ನ ಹಳೆಯ ಹೆಡ್‌ಫೋನನ್ನೂ ಅದರಲ್ಲಿ ಕೇಳಲು ಹಾಡು ತುಂಬಿಟ್ಟ ಒಂದು ಪುಟ್ಟ ಪೆಟ್ಟಿಗೆಯನ್ನೂ ಪ್ರೀತಿಯಿಂದ ಕೊಟ್ಟ. ಬಟ್ಟಲಿನಷ್ಟು ದೊಡ್ಡ ಎರಡು ಮರದ ಚಿಪ್ಪು, ಅಂಚಿನ ಮೆತ್ತೆ ಸಿಪ್ಪೆ ಎದ್ದು ಗಟ್ಟಿಯಾಗಿತ್ತು. ಸೀಟಣ್ಣ ಅದನ್ನು ಹಸುಗೂಸಿನಂತೆ ಎರಡೂ ಕೈಯಲ್ಲಿ ಹಿಡಿದು ಮನೆಗೆ ಬಂದ.

ಮಾಮೂಲಿ ಹೆಡ್‌ಫೋನಿನಲ್ಲಿ ಸದ್ದು ಹೊರಡಿಸುವ ಪುಟ್ಟ ಬಟ್ಟಲಿನಂಥದು ಇದರಲ್ಲಿ ಇಲ್ಲವೆಂದು ಅವನು ಹೆಂಡತಿಗೆ ತಿಳಿಸಿ ಹೇಳಿದ. ಕೂದಲಿಗಿಂತ ತೆಳ್ಳನೆಯ ಒಂದು ಹಾಳೆ, ಅದರ ಮೇಲೆ ಎಳೆದ ತಂತಿಯ ಗೆರೆ, ಹಾಳೆಯ ಎರಡೂ ಕಡೆ ಅಯಸ್ಕಾಂತ. ಚಾದರವನ್ನು ಇಬ್ಬರು ಹಿಡಿದು ಕೊಡವಿದಾಗ ಇಡೀ ಚಾದರ ಒಟ್ಟಿಗೆ ಅಲುಗುತ್ತದಲ್ಲ, ಹಾಗೆ ಆ ಹಾಳೆ ಪೂರ್ತಿ ಅಲುಗಿ ದನಿ ಹುಟ್ಟುತ್ತದಂತೆ. ಹಿಂಬದಿ ಮುಚ್ಚಿರುವುದರಿಂದ ಒಳಗಿನ ಸದ್ದು ಒಂದು ಹನಿಯೂ ಹೊರಗೆ ಸೋರುವುದಿಲ್ಲ.

"ಇನ್ನು ನಿನ್ನ ಪಾಡಿಗೆ ನೀನು, ನನ್ನ ಪಾಡಿಗೆ ನಾನು," ಎಂದ.

ಅವನು ಸಂತೋಷದಿಂದಲೇ ಹೇಳಿದ್ದು. ಅವಳಿಗೆ ಮಾತ್ರ ಆ ಮಾತು ಎಲ್ಲೋ ಚುಚ್ಚಿತು.

ಅಂದಿನಿಂದ ಸಂಜೆಯಾದರೆ ಅವನು ತಲೆಗೆ ಅದನ್ನು ಏರಿಸಿ ಕೂರುವನು. ಕಣ್ಣು ಮುಚ್ಚಿರುತ್ತಿತ್ತು, ಕಾಲ್ಬೆರಳು ತಾಳ ಹಾಕುತ್ತಿತ್ತು, ಮುಖದ ಮೇಲೆ ಯಾರಿಗೂ ಸೇರದ ನಗು. ಅವಳು ಕರೆದರೆ ಓಗೊಡನು. ಹಾಲು ಉಕ್ಕಿ ಒಲೆ ಆರಿದ್ದೂ ಅವನಿಗೆ ತಿಳಿಯದು. ಒಮ್ಮೆ ಮೈಮರೆತು ಜೊತೆಗೆ ಹಾಡಿಯೂ ಬಿಟ್ಟ. ತನ್ನ ದನಿ ತನಗೆ ಕೇಳದೆ ಶ್ರುತಿ ಎತ್ತೆತ್ತಲೋ ಹೋಗಿ, ಮೇಲಿನಿಂದ ಅಣ್ಣ ಧಡಧಡ ಇಳಿದು ಬಂದು, ತಮ್ಮ ಯಾಕೆ ಹೀಗೆ ನರಳುತ್ತಿದ್ದಾನೆ, ಹೊಟ್ಟೆನೋವೇ ಎಂದು ಕೇಳಿದರು. ಅಂದು ಅವಳು ನಕ್ಕಳು. ಬಯಸಿದ್ದ ನಿಶ್ಶಬ್ದ ಮನೆಗೆ ಬಂದಿತ್ತು. ಆ ನಿಶ್ಶಬ್ದದಲ್ಲಿ ಜೀರುಂಡೆಗೆ ಎದುರಾಳಿಯೇ ಇರಲಿಲ್ಲ. ಅವನು ಒಳಗೊಂದು ಕಡೆ ಹಾಯಾಗಿದ್ದ, ಅವಳು ಹೊರಗೆ ಜೀರುಂಡೆಯೊಂದಿಗೆ ಒಬ್ಬಳೇ.

ಒಂದು ಮಧ್ಯಾಹ್ನ ಸೀಟಣ್ಣ ಕ್ಷೌರದಂಗಡಿಯ ಕುರ್ಚಿಯೊಂದರ ಅಳತೆ ತರಲು ಹೋದ. ಮುಂಗೋಣೆಯಲ್ಲಿ ಹಲ್ಲಿನ ಡಾಕ್ಟರ ಕುರ್ಚಿ ಹೊಸ ಹೊದಿಕೆ ಹಾಕಿಸಿಕೊಂಡು ಮಲಗಿತ್ತು. ಹೆಡ್‌ಫೋನು ಅದರ ತೋಳಿಗೆ ನೇತುಬಿದ್ದಿತ್ತು. ಧೂಳು ಒರೆಸಲೆಂದು ಎತ್ತಿಕೊಂಡವಳು, ಅದೇನು ಅಂಥ ಸ್ವರ್ಗ ಇದೆಯೋ ನೋಡೇಬಿಡುತ್ತೇನೆ ಎಂದು ಕುರ್ಚಿಯಲ್ಲಿ ಕೂತಳು. ಹಾಕಿಕೊಂಡರೆ ಗಟ್ಟಿ ಮೆತ್ತೆ ಓಲೆಯನ್ನು ಒತ್ತಿ ಕಿವಿ ಉರಿಯಿತು. ಓಲೆ ಬಿಚ್ಚಿ ಪಕ್ಕದಲ್ಲಿಟ್ಟಳು. ನೆತ್ತಿಯ ಮೇಲೆ ಕುಂಬಳಕಾಯಿ ಹೊತ್ತ ಹಾಗಾಯಿತು. ಬೀದಿ, ನಲ್ಲಿ, ಮಹಡಿಯ ಹೆಜ್ಜೆ ಎಲ್ಲ ಒಮ್ಮೆಗೇ ದೂರವಾಗಿ, ಜೀರುಂಡೆಯೊಂದೇ ತಲೆ ತುಂಬ ಚೀರಿತು. ಕಿತ್ತೆಸೆಯಬೇಕೆಂದುಕೊಂಡಳು. ಆದರೆ ಗಂಡ ಗುಂಡಿ ಒತ್ತುವುದನ್ನು ನೋಡಿದ್ದಳಲ್ಲ, ಬೆರಳು ತಾನಾಗಿ ಪೆಟ್ಟಿಗೆಯ ಗುಂಡಿ ಒತ್ತಿತು.

ಮಂಡಿಗಳ ನಡುವೆ ನಿಲ್ಲಿಸಿಕೊಂಡು ನುಡಿಸುವ ದೊಡ್ಡ ಪಿಟೀಲು ಅದು. ಒಂದೇ ಒಂದು ತಗ್ಗಿನ ಸ್ವರ, ಅವಸರವಿಲ್ಲದೆ ಎದ್ದು ಬಂತು. ಕಿವಿಗೆ ಬಡಿಯಲಿಲ್ಲ, ಎದುರಿಗೆ ತುಸು ದೂರದಲ್ಲಿ ಯಾರೋ ಬಂದು ಕೂತಂತಿತ್ತು. ಕಮಾನು ತಂತಿಯನ್ನು ಹಿಡಿಯುವ ಒರಟು, ಬಿಡುವ ನಯ, ನುಡಿಸುವವರು ಮೂಗಿನಿಂದ ಎಳೆದುಕೊಂಡ ಉಸಿರು, ಎಲ್ಲ ಬೇರೆಬೇರೆಯಾಗಿ ತಿಳಿಯಿತು. ರೇಡಿಯೋದ ಸೀಳು ಇದರಲ್ಲಿ ಎಲ್ಲೂ ಇಲ್ಲ. ಆ ಸ್ವರದ ತಳ ಎಷ್ಟು ಅಗಲವಾಗಿತ್ತೆಂದರೆ ಕಾಲು ಚಾಚಿ ಮಲಗಬಹುದಿತ್ತು. ಜೀರುಂಡೆ ಬಾಯಿ ಮುಚ್ಚಲಿಲ್ಲ. ಆದರೆ ತುಂಬಿದ ಹೊಳೆಯ ಆಚೆ ದಡದಲ್ಲಿ ಕೂತು ಕೂಗಿದಂತೆ ಸಣ್ಣಗಾಯಿತು, ಇನ್ನೂ ಸಣ್ಣಗಾಯಿತು. ಅದು ಇದೆಯೋ ಇಲ್ಲವೋ ಎಂದು ಹುಡುಕುತ್ತ ಹುಡುಕುತ್ತ ಅವಳಿಗೆ ನಿದ್ದೆ ಬಂದುಬಿಟ್ಟಿತು.

ಸೀಟಣ್ಣ ಮರಳಿದಾಗ ಹೆಂಡತಿ ಹಲ್ಲಿನ ಡಾಕ್ಟರ ಕುರ್ಚಿಯಲ್ಲಿ ಮಲಗಿದ್ದಳು, ಬಾಯಿ ಚೂರು ತೆರೆದಿತ್ತು. ಹುಬ್ಬುಗಳ ನಡುವೆ ಯಾವಾಗಲೂ ಇರುತ್ತಿದ್ದ ಗಂಟು ಬಿಚ್ಚಿಕೊಂಡಿತ್ತು. ಅವಳಿಗೆ ಅಂಥದೊಂದು ಮುಖವಿದೆಯೆಂದೇ ಅವನಿಗೆ ಗೊತ್ತಿರಲಿಲ್ಲ. ಸುತ್ತಿಗೆ ಮುಟ್ಟದೆ ಸ್ಟೂಲಿನ ಮೇಲೆ ಕೂತ. ಕುರ್ಚಿ ಒಯ್ಯಲು ಆಳು ಬಂದಾಗ, ಬಾಗಿಲಲ್ಲೇ ತಡೆದು ನಾಳೆ ಬಾ ಎಂದು ಪಿಸುಗುಟ್ಟಿ ಕಳಿಸಿದ. ಒಳಗೆ ಮಲಗಿರುವ ರೋಗಿ ಯಾರು ಎಂದು ಆಳು ಇಣುಕಿದ.

ಎಚ್ಚರವಾದಾಗ ಅವಳು ಕದ್ದು ಸಿಕ್ಕಿಬಿದ್ದವಳಂತೆ ಓಲೆ ಹುಡುಕತೊಡಗಿದಳು. ಅವನು ಅಂಗೈ ಚಾಚಿದ. ಎರಡೂ ಅದರಲ್ಲಿದ್ದವು.

"ನಿಂಗೆ ಹಾಡು ಅಂದ್ರೆ ಆಗಲ್ಲ ಅಂದ್ಕೊಂಡಿದ್ದೆ."

"ಆಗಲ್ಲ ಅಂತ ನಾನ್ಯಾವತ್ತು ಹೇಳ್ದೆ?"

"ಉಶ್ ಅಂತಿದ್ಯಲ್ಲ ಮತ್ತೆ."

ಅವಳು ಓಲೆ ಹಾಕಿಕೊಳ್ಳತೊಡಗಿದಳು. ತಿರುಪು ಕೂರದೆ ಎರಡು ಸಲ ಜಾರಿತು.

"ಅದು ನಿಮಗಲ್ಲ ರೀ," ಎಂದು ಕಿವಿ ಮುಟ್ಟಿಕೊಂಡಳು. "ಇದರೊಳಗಿರೋದಕ್ಕೆ."

ಆಮೇಲೆ ಎಲ್ಲ ಹೇಳಿದಳು. ಗಿರಣಿ, ಗಿಡವಿಲ್ಲದ ಅಂಗಳ, ತಾಯಿಯ ಎಣ್ಣೆ, ಮೇಸ್ತ್ರಿಯ ಹೆದರಿಕೆ, ಆಮೇಲೆ ಹೇಳಲು ನಾಚಿಕೆಯಾದದ್ದು. ಅವನಿಗೆ ಮೊದಲು ಮುನಿಸೇ ಬಂತು. ಒಂದೇ ಹಾಸಿಗೆಯಲ್ಲಿ ಮಲಗಿಯೂ ತನಗೆ ತಿಳಿಯಲಿಲ್ಲವಲ್ಲ, ಇವಳು ಹೇಳಲಿಲ್ಲವಲ್ಲ ಎಂದು. ಅವಳ ಮುಖ ನೋಡಿದ, ಮುನಿಸು ಉಳಿಯಲಿಲ್ಲ. ಬಗ್ಗಿ ತನ್ನ ಕಿವಿಯನ್ನು ಅವಳ ಕಿವಿಗೆ ಹಚ್ಚಿ ಉಸಿರು ಹಿಡಿದು ಕೇಳಿದ.

"ನಂಗೇನೂ ಕೇಳಿಸ್ತಿಲ್ಲ ಕಣೇ."

"ಕೇಳಿಸೋ ಹಾಗಿದ್ದಿದ್ರೆ ಇಷ್ಟು ವರ್ಷ ಒಬ್ಬಳೇ ಯಾಕೆ ಕೇಳ್ತಿದ್ದೆ?"

ಮಾರನೆಯ ವಾರ ಅವಳನ್ನು ಕಿವಿಯ ಡಾಕ್ಟರ ಬಳಿ ಕರೆದೊಯ್ದ. ಗಿರಣಿ ಬಿಟ್ಟುಹೋದ ಬಳುವಳಿ ಅದು, ಪೂರ್ತಿ ಹೋಗುತ್ತದೆಂದು ಮಾತು ಕೊಡಲಾರೆ ಎಂದರು ಆಕೆ. ಮೆದುವಾದ ಸದ್ದು ಜೊತೆಗಿದ್ದರೆ ಹಲವರಿಗೆ ನೆಮ್ಮದಿ ಸಿಗುತ್ತದೆ, ಕೇಳಲಿ, ದನಿ ಮಾತ್ರ ಏರಿಸಬಾರದು. ಇದು ತನ್ನ ತಲೆಯ ಭ್ರಮೆಯಲ್ಲ ಎಂದು ಬಿಳಿ ಕೋಟು ತೊಟ್ಟವರ ಬಾಯಿಂದ ಕೇಳಿ ಅವಳಿಗೆ ಅರ್ಧ ಕಾಯಿಲೆ ಅಲ್ಲೇ ಕಳೆದಂತಾಯಿತು.

ಇನ್ನರ್ಧವನ್ನು ಸೀಟಣ್ಣ ಕೈಗೆತ್ತಿಕೊಂಡ. ಊರವರ ಕುಂಡೆಗೆಲ್ಲ ಮೆತ್ತೆ ಹೊಲಿದವನು, ಹೆಂಡತಿಯ ಕಿವಿಗೆ ಹೊಲಿಯಲಾರೆನೇ ಎಂದು ಹಳೆಯ ಮೆತ್ತೆ ಕಿತ್ತುಹಾಕಿದ. ರಟ್ಟಿನ ಚೂರಿನ ಮೇಲೆ ಅವಳ ಕಿವಿಯಿಟ್ಟು, ಓಲೆಯೂ ಸೇರಿದಂತೆ ಪೆನ್ಸಿಲಿನಲ್ಲಿ ಗೆರೆ ಎಳೆದ. ಅವಳಿಗೆ ಕಚಗುಳಿಯಾಗಿ ಗೆರೆ ಕೆಟ್ಟಿತು, ಇನ್ನೊಮ್ಮೆ ಎಳೆದ. ಮೊದಲು ಹೊಲಿದ ಜೋಡಿ ನೋಡಲು ಚೆಂದವಿತ್ತು, ಆದರೆ ಕಿವಿಯ ಹಿಂದೆ ಕೂದಲೆಳೆಯಷ್ಟು ಸಂದು ಬಿಟ್ಟಿತ್ತು. ಅಷ್ಟಕ್ಕೇ ತಗ್ಗಿನ ಸ್ವರವೆಲ್ಲ ಸೋರಿಹೋಗಿ, ತಳ ಒಡೆದ ಕೊಡದ ಹಾಗಿದೆ ಎಂದಳು. ಎರಡನೆಯದಕ್ಕೆ ಮೆತ್ತನೆಯ ಸ್ಪಂಜು ತುಂಬಿದ. ಅದು ಪೂರ್ತಿ ಕುಗ್ಗಿ ಕಿವಿ ಚಿಪ್ಪಿನೊಳಗಿನ ಜಾಲರಿಗೆ ತಾಗಿತು. ಆಮೇಲೆ, ಒತ್ತಿದರೆ ನಿಧಾನಕ್ಕೆ ಏಳುವ ಸ್ಪಂಜನ್ನು ಹಿಂದೆ ದಪ್ಪ, ಮುಂದೆ ತೆಳು ಮಾಡಿ ಕತ್ತರಿಸಿದ. ಕುರಿಯ ನಯವಾದ ಚರ್ಮ ಹೊದಿಸಿದ. ಹೊಲಿಗೆ ಅವಳದೇ. ನೆತ್ತಿಯ ಕಮಾನಿನ ಕೆಳಗೆ ಅಗಲವಾದ ಪಟ್ಟಿಯೊಂದನ್ನು ತೊಟ್ಟಿಲಿನಂತೆ ಕಟ್ಟಿದರು, ಭಾರವೆಲ್ಲ ಹರಡಿಹೋಯಿತು.

ಹಾಕಿಕೊಂಡು ನೋಡಿದಳು. ಓಲೆ ತಾಗಲಿಲ್ಲ. ಬೆಚ್ಚಗಿನ ಅಂಗೈಗಳೆರಡು ಮೆಲ್ಲಗೆ ಕಿವಿ ಮುಚ್ಚಿದಂತಿತ್ತು. ದೊಡ್ಡ ಪಿಟೀಲು ತನ್ನ ತಳದೊಂದಿಗೆ ಮರಳಿ ಬಂತು. ಗಂಡ ಎದುರಿಗೆ ನಿಂತು, ಪರೀಕ್ಷೆ ಬರೆದ ಹುಡುಗನಂತೆ ಕಾಯುತ್ತಿದ್ದ. ಅವಳು ಕೈ ಚಾಚಿ ಅವನ ಗಲ್ಲ ಮುಟ್ಟಿದಳು.

ಹೆಡ್‌ಫೋನಿಗೀಗ ಇಬ್ಬರು ವಾರಸುದಾರರು. ಸಂಜೆಯ ಸರದಿ ಯಾರದೆಂದು ಜಗಳವಾಗುತ್ತಿತ್ತು. ಅವನು ಸೋತಂತೆ ನಟಿಸಿ, ಅಟ್ಟದ ಮೇಲಿನ ರೇಡಿಯೋ ಇಳಿಸಿಕೊಂಡು ಹಿತ್ತಿಲಿಗೆ ಹೋಗುತ್ತಿದ್ದ. ಅವಳು ಉಶ್ ಎನ್ನದೆ ಅವನನ್ನು ಹಾಡಲು ಬಿಡುತ್ತಿದ್ದಳು. ಕೆಟ್ಟ ದಿನಗಳು ಇದ್ದೇ ಇದ್ದವು. ಅಂಥ ದಿನ, ಇವತ್ತು ಜೋರು ಎಂದು ಅವಳು ಹೇಳುವಳು. ಅವನು ಸುತ್ತಿಗೆ ಬಿಟ್ಟು ಸೂಜಿಯ ಕೆಲಸ ಹಿಡಿಯುವನು. ಹೇಳಿಕೊಳ್ಳಲು ಒಬ್ಬರಿದ್ದಾರೆ ಎಂಬುದೇ ಅವಳಿಗೆ ಹೊಸದು.

ಆಗಲೇ ಅವಳಿಗೊಂದು ಯೋಚನೆ ಬಂತು. ಗಿರಣಿಯಲ್ಲಿ ಅದೇ ಸಾಲಿನಲ್ಲಿ ನಿಂತಿದ್ದ ಗೆಳತಿ ಊರಿನ ಆಚೆ ತುದಿಯಲ್ಲಿ ಮಗಳ ಮನೆಯಲ್ಲಿದ್ದಳು. ಈಚೆಗೆ ಯಾರೊಂದಿಗೂ ಬೆರೆಯುವುದಿಲ್ಲ, ಸಿಡುಕಿಯಾಗಿದ್ದಾಳೆ ಎಂದು ಸುದ್ದಿ. ಚಿಕ್ಕಮ್ಮ ಹುಡುಕಿಕೊಂಡು ಹೋಗಿ, ಅದೂ ಇದೂ ಮಾತಾಡಿ, ಕೊನೆಗೆ ಕೇಳಿಯೇ ಬಿಟ್ಟಳು.

"ನಿನ್ನ ಕಿವೀಲಿ ಏನಾದ್ರೂ ಕೂಗುತ್ತೇನೇ?"

ಗೆಳತಿಯ ಮುಖ ಬಿಳಿಚಿಕೊಂಡಿತು. "ನಿಂಗ್ಯಾರು ಹೇಳಿದ್ರು?" ಎಂದಳು. ಆಮೇಲೆ ಸೆರಗು ಬಾಯಿಗೊತ್ತಿಕೊಂಡು ಅತ್ತಳು. ಅವಳಿಗೆ ಜೀರುಂಡೆಯಲ್ಲವಂತೆ, ಕುದಿಯುವ ಕೆಟಲು.

ಅಂದೇ ಚಿಕ್ಕಮ್ಮ ಅವಳನ್ನು ಮನೆಗೆ ಕರೆತಂದಳು. ದುರಸ್ತಿಗೆ ಬಂದಿದ್ದ ಸೋಫಾದಲ್ಲಿ ಕೂರಿಸಿ, ನರೆತ ಕೂದಲನ್ನು ಕಿವಿಯ ಹಿಂದಕ್ಕೆ ಸರಿಸಿ, ನೆತ್ತಿಯ ಪಟ್ಟಿಯನ್ನು ಒಂದು ತೂತು ಸಡಿಲಿಸಿ, ಮೆತ್ತೆಗಳನ್ನು ಎರಡೂ ಕಡೆ ಮೆಲ್ಲಗೆ ಕೂರಿಸಿದಳು. ಗುಂಡಿ ಒತ್ತಿದಳು. ಗೆಳತಿ ಹೆದರಿದವಳಂತೆ ಸೋಫಾದ ಅಂಚು ಹಿಡಿದುಕೊಂಡಳು. ಸ್ವಲ್ಪ ಹೊತ್ತಿಗೆ ಹಿಡಿತ ಬಿಟ್ಟಿತು, ಹೆಗಲು ಇಳಿಯಿತು, ಬೆನ್ನು ಒರಗಿಗೆ ತಾಗಿತು. ಸಾಕೇನೇ ಎಂದು ಕೇಳಲು ಇವಳು ಕೈ ಚಾಚಿದಾಗ ಗೆಳತಿ ಎರಡೂ ಚಿಪ್ಪುಗಳನ್ನು ಗಟ್ಟಿಯಾಗಿ ಹಿಡಿದುಕೊಂಡು, ತನ್ನ ದನಿ ತನಗೇ ಕೇಳದೆ, ಮಹಡಿಗೂ ಮುಟ್ಟುವಂತೆ ಹೇಳಿದಳು: "ತೆಗೀಬೇಡ ಕಣೇ. ಇನ್ನೊಂದು ಸ್ವಲ್ಪ ಇರಲಿ."

ಸೀಟಣ್ಣ ಸೂಜಿ ಹಿಡಿದ ಕೈ ನಿಲ್ಲಿಸಿ ನೋಡಿದ. ಹೆಂಡತಿ, ಇವತ್ತಿನ ಸರದಿ ಗೆಳತಿಯದು ಎಂಬಂತೆ ಅವನಿಗೆ ತಲೆಯಾಡಿಸಿ, ಮೂವರಿಗೂ ಚಹಾಕ್ಕೆ ನೀರಿಡಲು ಒಳಗೆ ಹೋದಳು.