ರೋಹಿಣಿ, ಮೃಗಶಿರಾ ಮತ್ತು ನನ್ನ ಸಹಿ

ಜಾತಕ ಕೂಡಿಸುವ ಚಟ ನನಗಿದೆ ಎಂದು ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ಯಲಹಂಕದ ನಮ್ಮ ಬೀದಿಯಲ್ಲಿ ಯಾರು ಗಂಡು ಹೆಣ್ಣು ನೋಡಹೊರಟರೂ ನಕ್ಷತ್ರದ ಚೀಟಿ ನನ್ನ ಮೇಜಿಗೆ ಬರುತ್ತದೆ. ಗುಣ ಕೂಡಿಸಿ, ಕೆಳಗೆ ಸಹಿ ಹಾಕಿ ಕೊಡುವುದು ನನ್ನ ಪದ್ಧತಿ. ಪ್ರತಿಫಲ ಒಂದು ಲೋಟ ಕಾಫಿ. ಅದೂ ನಮ್ಮ ಮನೆಯದೇ.

ಸೋಲದೇವನಹಳ್ಳಿಯ ಕಾಲೇಜಿನಲ್ಲಿ ಕೊನೆಯ ವರ್ಷ ಓದುತ್ತಿದ್ದ ಮಗಳು ವಿನುತಾ ಈ ವಿದ್ಯೆಗೆ ಮೂಗು ಮುರಿಯುವವಳು. ಒಂದು ಭಾನುವಾರ ಅವಳೇ ಚೀಟಿ ತಂದಾಗ ನನಗೆ ಕಾಫಿ ನೆತ್ತಿಗೇರಿತು. ರೋಹಿಣಿ, ಮೃಗಶಿರಾ, ಎರಡೂ ವೃಷಭ ರಾಶಿ. ಯಾವುದೂ ಅವಳ ನಕ್ಷತ್ರವಲ್ಲವೆಂದು ಸಮಾಧಾನಪಟ್ಟು ಕೂಡಿಸಿದೆ. ಮೂವತ್ತಾರಕ್ಕೆ ಮೂವತ್ತೈದು! "ಯಾರಮ್ಮ ಇವರು? ಕಣ್ಮುಚ್ಕೊಂಡು ಮದುವೆ ಮಾಡ್ಬಹುದು" ಎಂದೆ.

ತಾನು ಓದುತ್ತಿರುವ ಕಾದಂಬರಿಯ ಜೋಡಿ ಎನ್ನುತ್ತಾ ಅವಳು ಮೊಬೈಲ್ ಚಾಚಿದಳು. ಮುಖಪುಟದಲ್ಲಿ ಉದ್ದ ಕೂದಲಿನ ಒಬ್ಬ ಹುಡುಗ. ಅವನ ಪಕ್ಕದಲ್ಲಿ, ನಾನು ಎಷ್ಟು ಹುಡುಕಿದರೂ, ಇನ್ನೊಬ್ಬ ಹುಡುಗ. ಎದೆ ಧಸಕ್ಕೆಂದಿತು. ಇಂಥ ಕಥೆಗಳಿಗೆ ಬಾಯ್ಸ್ ಲವ್ ಎಂಬ ಹೆಸರೇ ಇದೆಯೆಂದು, ಹುಡುಗಿಯರು ಮುಗಿಬಿದ್ದು ಓದುತ್ತಾರೆಂದು ತಿಳಿದು ಮತ್ತೊಮ್ಮೆ ಧಸಕ್ಕೆಂದಿತು. ಸಹಿಗೆಂದು ಎತ್ತಿದ ಪೆನ್ನನ್ನು ಹಾಗೇ ಇಟ್ಟು, ಇದರಲ್ಲಿ ಶುದ್ಧ ಪ್ರೇಮ ಎಲ್ಲಿಂದ ಬರಬೇಕು ಎಂದು ರೇಗಿದೆ. ಓದದೆ ತೀರ್ಪು ಕೊಟ್ಟರೆ ಇನ್ನು ಮೇಲೆ ಯಾವ ವಿಷಯವನ್ನೂ ನನ್ನ ಹತ್ತಿರ ತರುವುದಿಲ್ಲ ಎಂದಳು ಮಗಳು. ಆ ಮಾತು ನಾಟಿತು.

ಯಶವಂತಪುರದ ಆಫೀಸಿಗೆ ಹೋಗುವ ಬಸ್ಸಿನಲ್ಲಿ, ಪಕ್ಕದವರಿಗೆ ಕಾಣದಂತೆ ಮೊಬೈಲನ್ನು ಎದೆಗವಚಿಕೊಂಡು ಓದಿದೆ. ಕೆಲವು ಕಡೆ ಒಬ್ಬ ಇನ್ನೊಬ್ಬನ ಕೈ ಹಿಡಿದು ದರದರ ಎಳೆದೊಯ್ಯುತ್ತಾನೆ. ಅದನ್ನು ನಾನು ಪ್ರೇಮ ಎನ್ನಲಾರೆ. ಎಳೆಸಿಕೊಳ್ಳುವವಳು ಹುಡುಗಿಯಾಗಿದ್ದರೂ ಎನ್ನಲಾರೆ. ಆದರೆ ಜ್ವರ ಬಂದವನು ಏಳುವವರೆಗೆ ಇನ್ನೊಬ್ಬ ಗಂಜಿಯನ್ನು ಮತ್ತೆ ಮತ್ತೆ ಬಿಸಿ ಮಾಡುತ್ತಾ ಕೂತಿರುವ ಅಧ್ಯಾಯದಲ್ಲಿ ಹೆಬ್ಬಾಳ ದಾಟಿದ್ದೇ ತಿಳಿಯಲಿಲ್ಲ. ನಾನೇ ಮೂವತ್ತೆರಡು ಗುಣ ಕೂಡಿಸಿ ಸಹಿ ಹಾಕಿದ ಗಂಡನೊಬ್ಬ, ಜ್ವರದ ಹೆಂಡತಿ ತಿಂಡಿ ತಡ ಮಾಡಿದಳೆಂದು ಮುನಿಸಿಕೊಂಡದ್ದು ನೆನಪಾಗಿ ನಾಚಿಕೆಯಾಯಿತು.

ಶುದ್ಧ ಪ್ರೇಮವೇ ಎಂದು ಮಗಳಿಗೆ ತೀರ್ಪು ಕೊಟ್ಟೆ. ಆಮೇಲೆ ಹೊಳೆಯಿತು. ಕಾದಂಬರಿಯ ಊರು ಎಲ್ಲೋ ಚೀನಾದ ಕಡೆ. ಆ ಹುಡುಗರಿಗೆ ರೋಹಿಣಿ, ಮೃಗಶಿರಾ ಎಲ್ಲಿಂದ ಬಂದವು?

ವಿನುತಾ ಮೇಜಿನ ಮೇಲಿದ್ದ ಚೀಟಿಯನ್ನು ನನ್ನ ಕಡೆ ಸರಿಸಿದಳು. "ನಮ್ ಕ್ಲಾಸಿನ ಇಬ್ರು ಹುಡುಗರದು ಅಪ್ಪ. ಒಬ್ಬನಿಗೆ ಜಾತಕ ಅಂದ್ರೆ ತುಂಬಾ ನಂಬಿಕೆ. ಯಾರ ಹತ್ರ ಕೇಳೋದು ಅಂತ ಹೆದರ್ಕೊಂಡಿದ್ದ."

ಕಾದಂಬರಿಗೆ ಕೊಟ್ಟಷ್ಟು ಸಲೀಸಾಗಿ ಜೀವಂತ ಹುಡುಗರಿಗೆ ತೀರ್ಪು ಕೊಡಲಾಗಲಿಲ್ಲ. ಪಂಚಾಂಗ ತೆಗೆದೆ. ಕೋಷ್ಟಕದಲ್ಲಿ ಒಂದು ಕಡೆ ವರ, ಒಂದು ಕಡೆ ವಧು. ಯಾರನ್ನು ಎಲ್ಲಿ ಕೂರಿಸುವುದು? ಒಮ್ಮೆ ಹೀಗಿಟ್ಟೆ, ಒಮ್ಮೆ ಹಾಗಿಟ್ಟೆ. ಹೇಗಿಟ್ಟರೂ ಮೂವತ್ತೈದಕ್ಕೆ ಕಡಿಮೆ ಬರಲಿಲ್ಲ.

ಚೀಟಿಯ ಕೆಳಗೆ ಸಹಿ ಹಾಕಿ ಮಗಳ ಕೈಗೆ ಕೊಟ್ಟೆ.